ಹೆಸ್ಸಿಯ ನಡಿಗೆ

ರೆಡ್ಮಂಡ್

ನನ್ನ ಭಾಷಣ ಕೇಳಲು ಹನ್ನೊಂದು ಜನ ಬಂದಿದ್ದರು. ಅವರಲ್ಲಿ ಮೂವರು ಕುರ್ಚಿ ಜೋಡಿಸಲು ಬಂದವರು, ಇಬ್ಬರು ಊಟದ ಡಬ್ಬಿಗಳ ಉಸ್ತುವಾರಿಗೆ ನಿಂತವರು.

ಇಪ್ಪತ್ತು ವರ್ಷ ಬೆಂಗಳೂರಿನ ಒಂದು ವಾರಪತ್ರಿಕೆಯ ಸಿನಿಮಾ ಪುಟ ನೋಡಿಕೊಂಡವಳು ನಾನು. ಕನ್ನಡ ಸಿನಿಮಾದಲ್ಲಿ ಉಗ್ಗುವ ಅತ್ತಿಗೆಯಾಗಿ, ಗಂಡನಿಗೆ ಪೊರಕೆ ತೋರಿಸುವ ಹೆಂಡತಿಯಾಗಿ ಬಂದು ಹೋದ ಹಾಸ್ಯನಟಿಯರನ್ನು ಹುಡುಕಿಕೊಂಡು ಹೋಗಿ, ಮಾತಾಡಿಸಿ ಬರೆಯುತ್ತಿದ್ದೆ. ಅದನ್ನು ಓದಿದ್ದ, ಕಡಲಾಚೆಯ ಈ ಊರಿನ ಕೆಲವು ಕನ್ನಡಿಗರು ಪ್ರೀತಿಯಿಂದ ಕರೆಸಿಕೊಂಡಿದ್ದರು. ಆದರೆ ನಾನು ಬಂದಿಳಿದದ್ದು ನವೆಂಬರಿನಲ್ಲಿ. ನನ್ನ ಸೂಟ್‌ಕೇಸು ದಾರಿಯ ಯಾವುದೋ ವಿಮಾನ ನಿಲ್ದಾಣದಲ್ಲಿ ಉಳಿದುಕೊಂಡಿತ್ತು. ಭಾಷಣಕ್ಕೆಂದು ತಂದ ರೇಷ್ಮೆ ಸೀರೆ ಅದರೊಳಗಿತ್ತು. ಆತಿಥೇಯಳಾದ ಲವೀನಾಳ ಕಪ್ಪು ಮಳೆ ಜಾಕೆಟ್ ತೊಟ್ಟು ಮೈಕಿನ ಮುಂದೆ ನಿಂತಾಗ ಯಾರದೋ ಶ್ರದ್ಧಾಂಜಲಿ ಸಭೆಗೆ ಬಂದವಳ ಹಾಗಿದ್ದೆ.

ಭಾಷಣ ಮುಗಿದ ಮೇಲೆ ಒಬ್ಬರು ಎದ್ದು ನಿಂತು, "ಮೇಡಮ್, ಹೀರೋಯಿನ್‌ಗಳನ್ನ ಯಾರನ್ನಾದ್ರೂ ಮೀಟ್ ಮಾಡಿದೀರಾ?" ಎಂದು ಕೇಳಿದರು. ಅದೊಂದೇ ಪ್ರಶ್ನೆ.

ವಾಪಸು ಹೊರಟಾಗ ಸಂಜೆ ನಾಲ್ಕೂವರೆ. ಆಗಲೇ ಕತ್ತಲು. ಇಲ್ಲಿನ ಮಳೆ ನಮ್ಮ ಮಳೆಯ ಹಾಗೆ ಸುರಿದು ನಿಲ್ಲುವುದಿಲ್ಲ. ಸುಮ್ಮನೆ ಗಾಳಿಯಲ್ಲಿ ತೂಗಿಕೊಂಡಿರುತ್ತದೆ. ಕೊಡೆ ಹಿಡಿದವರನ್ನು ಕಂಡರೆ ಹೊಸಬರೆಂದು ಗೊತ್ತಾಗಿಬಿಡುತ್ತದೆ. ನಾನು ಹಿಡಿದಿದ್ದೆ.

ಲವೀನಾ ಉಡುಪಿ ಕಡೆಯವಳು, ಸಾಫ್ಟ್‌ವೇರ್ ಕೆಲಸ. ಮನೆಯಲ್ಲಿ ಕೊಂಕಣಿ, ನನ್ನ ಜೊತೆ ಕರಾವಳಿಯ ಕನ್ನಡ. ಕಾರು ಓಡಿಸುತ್ತಾ ಸಮಾಧಾನ ಮಾಡಿದಳು.

"ಬೇಜಾರ್ ಮಾಡ್ಬೇಡಿ ವಿಜಯಕ್ಕ. ಈ ಟೈಮಲ್ಲಿ ಇಲ್ಲಿ ಎಲ್ಲರದ್ದೂ ಹೀಗೇ. ಸೂರ್ಯ ಕಾಣುದಿಲ್ಲ ಅಲ್ವಾ, ಹೊರಗೆ ಹೋಗುದೇ ಬೇಡ ಅಂತ ಆಗ್ತದೆ."

ಸ್ವಲ್ಪ ಹೊತ್ತು ಬಿಟ್ಟು ಅವಳೇ, "ನಮ್ಮ ಪಕ್ಕದ ಮನೆಯಲ್ಲಿ ಒಬ್ರು ಅಜ್ಜಿ ಇದ್ದಾರೆ, ಸೌತ್ ಆಫ್ರಿಕಾದವರು" ಎಂದಳು. "ಅವರೂ ಸಿನಿಮಾದಲ್ಲಿ ಕಾಮಿಡಿ ಮಾಡ್ತಿದ್ರಂತೆ. ಅವರ ಭಾಷೆಯ ಸಿನಿಮಾ, ಆಫ್ರಿಕಾನ್ಸ್ ಅಂತ. ಬರುವ ವಾರ ಅವರನ್ನು ವೃದ್ಧರ ಹೋಮಿಗೆ ಸೇರಿಸ್ತಾರೆ. ಮಾತಾಡ್ತೀರಾ?"

ಪಕ್ಕದ ಮನೆ

ಬಾಗಿಲು ತೆರೆದದ್ದು ಮಗಳು ಎಲ್ಸಾ. ಐವತ್ತು ದಾಟಿದ, ದಣಿದ ಮುಖದ ಹೆಂಗಸು. ಹಜಾರದ ತುಂಬ ರಟ್ಟಿನ ಪೆಟ್ಟಿಗೆಗಳು. ಅವುಗಳ ನಡುವೆ ಒಂದು ಕುರ್ಚಿಯಲ್ಲಿ ಎಂಬತ್ನಾಲ್ಕು ವರ್ಷದ ಹೆಸ್ಸಿ ಕೂತಿದ್ದರು. ತೆಳ್ಳಗಿನ ಪುಟ್ಟ ದೇಹ. ಗಟ್ಟಿಯಾದ ರಸ್ಕನ್ನು ಕಾಫಿಯಲ್ಲಿ ಅದ್ದಿ, ಬಟ್ಟಲಿಗೆ ಬೀಳುವ ಮೊದಲೇ ಚಕ್ಕನೆ ಬಾಯಿಗಿಟ್ಟುಕೊಳ್ಳುತ್ತಿದ್ದರು. ಬೆಂಗಳೂರಿನ ಬೇಕರಿಗಳ ಮುಂದೆ ಹಾಗೆ ತಿನ್ನುವ ಎಷ್ಟು ಜನರನ್ನು ನೋಡಿಲ್ಲ ನಾನು. ನನಗೂ ಒಂದು ಕೊಟ್ಟರು. ನನ್ನದು ಬಟ್ಟಲಿನೊಳಗೇ ಬಿತ್ತು.

ಎಲ್ಸಾ ಪರಿಚಯಿಸಿದಳು. "ಅಮ್ಮ, ಇವರು ಇಂಡಿಯಾದಲ್ಲಿ ನಿಮ್ಮಂಥ ನಟಿಯರ ಬಗ್ಗೆ ಬರೀತಾರೆ."

"ನನ್ನಂಥವರು ಅಂದರೆ?"

"ಪೋಷಕ ಪಾತ್ರ ಮಾಡಿದವರು," ಎಂದೆ.

"ಪಾತ್ರ ಅನ್ನಬೇಡಿ. ನಾನು ಸಕ್ಕರೆ ಕೇಳೋದಕ್ಕೆ ಬರುತ್ತಿದ್ದೆ, ಅಷ್ಟೇ. ನಿಮ್ಮ ಸಿನಿಮಾದಲ್ಲೂ ಪಕ್ಕದ ಮನೆಯವರು ಸಕ್ಕರೆ ಕೇಳುತ್ತಾರಾ?"

"ಕಾಫಿಪುಡಿ ಕೇಳ್ತಾರೆ."

ಅವರು ತಲೆಯಾಡಿಸಿದರು. ಒಂದೇ ಕಸುಬಿನವರು ಸಿಕ್ಕಾಗ ಆಗುವ ನೆಮ್ಮದಿ ಆ ಮುಖದಲ್ಲಿತ್ತು.

ಮೂರು ದಿನ ಮಧ್ಯಾಹ್ನ ಹೋಗಿ ಕೂತೆ. ಹೆಸ್ಸಿ ತಮ್ಮ ಕಥೆಯನ್ನು ಬಿಡಿಬಿಡಿಯಾಗಿ ಹೇಳಿದರು. ದಕ್ಷಿಣ ಆಫ್ರಿಕಾದ ಒಣ ಬಯಲುಸೀಮೆಯ ಒಂದು ಸಣ್ಣ ರೈಲ್ವೆ ಊರು. ಅಪ್ಪ ಸಿಗ್ನಲ್ ಕೆಲಸದವರು. ಡಚ್ಚರ ವಂಶದ ಬಿಳಿಯರು, ಮನೆಯಲ್ಲಿ ಆಫ್ರಿಕಾನ್ಸ್. ಹೆಸ್ಸಿ ಚಪ್ಪಲಿ ಅಂಗಡಿಯಲ್ಲಿ ಕೆಲಸಕ್ಕಿದ್ದಾಗ ಊರಿಗೊಂದು ನಾಟಕ ತಂಡ ಬಂತು. ನಟಿಯೊಬ್ಬಳಿಗೆ ಜ್ವರ. ಬದಲಿಗೆ ಹೋದ ಹೆಸ್ಸಿ ರಂಗದ ಮೇಲೆ ನಿಜವಾಗಿಯೇ ಕುರ್ಚಿಯಿಂದ ಬಿದ್ದರು. ಚರ್ಚಿನ ಸಭಾಂಗಣ ತುಂಬ ನಗು. ಮರುದಿನ ತಂಡದವರು ಹೆಸ್ಸಿಯನ್ನು ತಮ್ಮ ಲಾರಿಗೆ ಹತ್ತಿಸಿಕೊಂಡರು.

"ನೋವಾಗಿರಲಿಲ್ಲವಾ?" ಎಂದೆ.

"ಸೊಂಟ ಈಗಲೂ ನೋಯುತ್ತದೆ. ಅದನ್ನ ಯಾರೂ ಕೇಳಿರಲಿಲ್ಲ."

ಅರವತ್ತರ ದಶಕದ ಕೊನೆಗೆ ಜೊಹಾನ್ಸ್‌ಬರ್ಗ್ ಸೇರಿದರು. ಆಗ ಅಲ್ಲಿ ಆಫ್ರಿಕಾನ್ಸ್ ಸಿನಿಮಾಗಳು ಒಂದರ ಹಿಂದೊಂದು ತಯಾರಾಗುತ್ತಿದ್ದವು. ಹೊಲಮನೆಯ ಕಥೆಗಳು, ಪೇಟೆಯಿಂದ ಬರುವ ಅಳಿಯ, ಕೊನೆಗೊಂದು ಮದುವೆ. ತೆಳ್ಳಗಿದ್ದ ಹೆಸ್ಸಿಯ ಹೊಟ್ಟೆಗೆ ದಿಂಬು ಕಟ್ಟಿ, ಮದುವೆಯಾಗದೆ ಉಳಿದ ದಪ್ಪ ಅಕ್ಕನನ್ನಾಗಿ ಮಾಡಿದರು. ಎರಡು ಚಿತ್ರಗಳಲ್ಲಿ ಬಂದು ಹೋದದ್ದನ್ನು ಯಾರೂ ಗಮನಿಸಲಿಲ್ಲ. ಮೂರನೆಯದರಲ್ಲಿ ಜನ ಗುರುತು ಹಿಡಿದರು. ಅದಕ್ಕೆ ಕಾರಣ ಒಂದು ನಡಿಗೆ.

ಹೆಸ್ಸಿ ಎದ್ದು ಮೇಜು ಹಿಡಿದುಕೊಂಡು ಅದನ್ನು ತೋರಿಸಿದರು. ಗಲ್ಲ ಮೇಲೆತ್ತಿ ರಾಣಿಯ ಹಾಗೆ ಎರಡು ಹೆಜ್ಜೆ. ಮೂರನೆಯದಕ್ಕೆ ಹಿಮ್ಮಡಿ ಹೊರಳಿದಂತಾಗಿ ಮೈಯೆಲ್ಲ ಜೋಲಿ ಹೊಡೆಯುವುದು. ಮರುಕ್ಷಣ ಏನೂ ಆಗಿಲ್ಲವೆಂಬಂತೆ ಮತ್ತೆ ರಾಣಿ. ಊಟದ ಬಿಡುವಿನಲ್ಲಿ ಬಂದು ಕೂತಿದ್ದ ಲವೀನಾ ಬಾಯಿಗೆ ಕೈ ಅಡ್ಡ ಇಟ್ಟುಕೊಂಡು ನಕ್ಕಳು. ನಾನೂ ನಕ್ಕೆ.

ಹೆಸ್ಸಿ ಮಾತ್ರ ನಗಲಿಲ್ಲ. ಕೂತುಕೊಂಡು, "ಇದು ನನ್ನದಲ್ಲ," ಎಂದರು.

ಎಲ್ಸಾ ಪೆಟ್ಟಿಗೆಗೆ ಟೇಪು ಅಂಟಿಸುತ್ತಿದ್ದವಳು ತಲೆ ಎತ್ತಿದಳು. ಅವಳಿಗೂ ಇದು ಹೊಸ ಮಾತು.

ಚಿತ್ರತಂಡಕ್ಕೆ ಅಡುಗೆ ಮಾಡಲು ಸೋಫಿ ಎಂಬ ಕಪ್ಪು ಹೆಂಗಸು ಬರುತ್ತಿದ್ದಳಂತೆ. ಅಡುಗೆಮನೆಯ ದೃಶ್ಯಗಳಲ್ಲಿ ತಟ್ಟೆ ಹಿಡಿದು ನಿಲ್ಲುವ ಕೆಲಸದವಳಾಗಿ ಅವಳನ್ನೇ ನಿಲ್ಲಿಸುತ್ತಿದ್ದರು. ಒಂದು ದಿನ ನಿರ್ಮಾಪಕರ ಹೆಂಡತಿ ಹೊಸ ಎತ್ತರ ಹಿಮ್ಮಡಿಯ ಚಪ್ಪಲಿ ಹಾಕಿಕೊಂಡು ಬಂದು ಹೋದರು. ಅವರು ಮರೆಯಾದ ಮೇಲೆ ಸೋಫಿ ಒಲೆಯ ಹಿಂದೆ ಅವರ ಹಾಗೆ ನಡೆದು ತೋರಿಸಿದಳು. ಲೈಟು ಹಿಡಿಯುವವರು ಕಣ್ಣೀರು ಬರುವ ಹಾಗೆ ನಕ್ಕರು. ನಿರ್ದೇಶಕರೂ ನಕ್ಕರು. ಆಮೇಲೆ ಹೆಸ್ಸಿಯ ಕಡೆ ತಿರುಗಿ, "ಅದನ್ನ ನೀನು ಮಾಡು," ಎಂದರು.

"ನನಗೆ ಬರಲಿಲ್ಲ. ನಾಲ್ಕು ಸಲ ಮಾಡಿದೆ. ಸೋಫಿ ತಟ್ಟೆ ಹಿಡಿದು ನನ್ನ ಹಿಂದೆ ನಿಂತಿದ್ದಳು. ಮೆಲ್ಲಗೆ, 'ಮೇಡಂ, ಎಡಗಾಲು ಮೊದಲು' ಅಂದಳು. ಐದನೇ ಸಲ ಸರಿಯಾಯಿತು."

ಅಂದಿನಿಂದ ಅದು ಹೆಸ್ಸಿಯ ನಡಿಗೆಯಾಯಿತು. ಊರೂರಲ್ಲಿ ಮಕ್ಕಳು ಅನುಕರಿಸಿದರು. ಪ್ರತಿ ಚಿತ್ರದಲ್ಲೂ ಒಮ್ಮೆಯಾದರೂ ನಡೆಯಬೇಕೆಂದು ಕೇಳಿದರು. ಚಿತ್ರ ತೆರೆಕಂಡ ದಿನಗಳಲ್ಲಿ ಸೋಫಿ, "ನಾನು ಯಾವಾಗ ನೋಡಬಹುದು ಮೇಡಂ?" ಎಂದು ಕೇಳಿದಳಂತೆ. ವರ್ಣಭೇದದ ಕಾಲ. ಆ ಟಾಕೀಸಿನೊಳಗೆ ಕಪ್ಪು ಜನರಿಗೆ ಪ್ರವೇಶವಿರಲಿಲ್ಲ.

"ನೀವು ಏನು ಹೇಳಿದಿರಿ?"

"ಅಡುಗೆಮನೆಯಲ್ಲೇ ಇಡೀ ದೃಶ್ಯ ಮಾಡಿ ತೋರಿಸಿದೆ. ದೊಡ್ಡ ಉಪಕಾರ ಮಾಡಿದೆ ಅಂದುಕೊಂಡಿದ್ದೆ. ಅವಳು ನಕ್ಕಳು. ಎಷ್ಟು ಮರ್ಯಾದೆಯಿಂದ ನಕ್ಕಳು ಅಂದರೆ..." ಹೆಸ್ಸಿ ಕಿಟಕಿಯತ್ತ ತಿರುಗಿದರು. "ಚಳಿಗಾಲಕ್ಕೆ ನನ್ನದೊಂದು ಹಳೇ ಕೋಟು ಕೊಟ್ಟೆ."

ಕೆಲವೇ ವರ್ಷಗಳಲ್ಲಿ ಆ ದೇಶಕ್ಕೆ ಟಿವಿ ಬಂತು. ಹೊಲಮನೆಯ ಸಿನಿಮಾ ನೋಡುವವರು ಕಡಿಮೆಯಾದರು. ಕಂಪನಿ ಬಾಗಿಲು ಹಾಕಿದ ದಿನ ಹೆಸ್ಸಿ ಮೇಜಿನ ಕೆಳಗೆ ಬಿದ್ದಿದ್ದ, ಆ ಮೂರನೆಯ ಚಿತ್ರದ ಎರಡು ಫಿಲ್ಮ್ ಡಬ್ಬಿಗಳನ್ನು ಎತ್ತಿಕೊಂಡು ಬಂದರು. ಆಮೇಲಿನ ಮೂವತ್ತು ವರ್ಷ ಕಿಟಕಿಯ ಪರದೆ ಬಟ್ಟೆಯ ಅಂಗಡಿಯಲ್ಲಿ ಕೆಲಸ. ಗಂಡ ತೀರಿದ ಮೇಲೆ ಮಗಳ ಬಳಿ ಬಂದರು. ಡಬ್ಬಿಗಳು ಜೊತೆಗೆ ಬಂದವು. ಒಮ್ಮೆಯೂ ತೆರೆದಿರಲಿಲ್ಲ.

"ಟಾಕೀಸಿನಲ್ಲಿ ನಾನು ನನ್ನನ್ನಷ್ಟೇ ನೋಡಿಕೊಂಡಿದ್ದೆ. ಅದರಲ್ಲಿ ಸೋಫಿ ಇದ್ದಾಳೋ ಕತ್ತರಿಸಿಬಿಟ್ಟರೋ ನನಗೆ ಗೊತ್ತಿಲ್ಲ. ಹೋಮಿಗೆ ಹೋಗುವ ಮೊದಲು ನೋಡಬೇಕು," ಎಂದರು ಹೆಸ್ಸಿ.

ಫ್ರೀಮಾಂಟ್

ಡಬ್ಬಿಗಳು ಗ್ಯಾರೇಜಿನಲ್ಲಿದ್ದವು. ಮುಚ್ಚಳ ತೆಗೆದ ಕೂಡಲೇ ಉಪ್ಪಿನಕಾಯಿ ಭರಣಿ ಒಡೆದ ಹಾಗೆ ಹುಳಿ ವಾಸನೆ. ಹಳೆಯ ಫಿಲ್ಮು ಕೊಳೆಯಲು ತೊಡಗಿದರೆ ಹೀಗೆ ನಾರುತ್ತದೆ. ಗಾಂಧಿನಗರದ ಗೋಡೌನುಗಳಲ್ಲಿ ಈ ವಾಸನೆ ನನಗೆ ಪರಿಚಯವಾಗಿತ್ತು. ಹೆಸ್ಸಿಗೆ ಏನೂ ಹೇಳಲಿಲ್ಲ.

ಸರೋವರದಾಚೆಯ ಫ್ರೀಮಾಂಟಿನಲ್ಲಿ ಹಳೆಯ ಫಿಲ್ಮುಗಳನ್ನು ಕಂಪ್ಯೂಟರಿಗೆ ಇಳಿಸಿಕೊಡುವ ಒಬ್ಬರಿದ್ದಾರೆಂದು ಲವೀನಾ ಹುಡುಕಿದಳು. ರಜೆ ಹಾಕಿ ಕರೆದುಕೊಂಡು ಹೋದಳು. ಸರೋವರದ ಉದ್ದ ಸೇತುವೆ ದಾಟುವಾಗ ನೀರು, ಆಕಾಶ, ರಸ್ತೆ ಎಲ್ಲ ಸ್ಲೇಟಿನ ಒಂದೇ ಬಣ್ಣ. ಫ್ರೀಮಾಂಟಿನ ಸೇತುವೆ ನಾವು ತಲುಪುವ ಹೊತ್ತಿಗೆ ಸರಿಯಾಗಿ ಎರಡು ಹೋಳಾಗಿ ಮೇಲೆದ್ದಿತು. ಕೆಳಗೆ ಒಂದೇ ಒಂದು ಹಾಯಿದೋಣಿ ನಿಧಾನಕ್ಕೆ ದಾಟುತ್ತಿತ್ತು. ನೂರಾರು ಕಾರುಗಳು ಇಂಜಿನ್ ಆರಿಸಿ ಕಾದವು. ಒಬ್ಬರೂ ಹಾರ್ನ್ ಮಾಡಲಿಲ್ಲ. ಬೆಂಗಳೂರಿನವಳಾದ ನನಗೆ ಆ ಮೌನ ಸಹಿಸಲಾಗಲಿಲ್ಲ.

ನೆಲಮಾಳಿಗೆಯ ಆ ಅಂಗಡಿಯ ಗಡ್ಡದ ಮನುಷ್ಯ ಕೈಗವಸು ಹಾಕಿಕೊಂಡು ಮೊದಲ ಡಬ್ಬಿ ನೋಡಿದ. ಸುರುಳಿ ಪೂರ್ತಿ ಅಂಟಿಕೊಂಡು ಬೆಲ್ಲದ ಅಚ್ಚಿನ ಹಾಗಾಗಿತ್ತು. ಬೆರಳಿನಿಂದ ತಟ್ಟಿ ತೋರಿಸಿ, "ಇದು ಹೋಯಿತು," ಎಂದ. ಎರಡನೆಯದರ ಹೊರಸುತ್ತುಗಳು ಮಾತ್ರ ಉಳಿದಿದ್ದವು. "ಕೆಲವು ನಿಮಿಷ ಸಿಗಬಹುದು. ಧ್ವನಿಯ ಭರವಸೆ ಕೊಡುವುದಿಲ್ಲ. ಯಾರಿದು?"

"ಒಬ್ಬ ಹಾಸ್ಯನಟಿ."

"ಹೆಸರುವಾಸಿಯಾ?"

"ಇಲ್ಲ."

ಅವನು ಮುಚ್ಚಳ ಮೆಲ್ಲಗೆ ಹಾಕಿದ. "ಹಾಗಿದ್ದರೆ ಬೇರೆಲ್ಲೂ ಇನ್ನೊಂದು ಪ್ರತಿ ಇರಲಾರದು," ಎಂದ.

ಮತ್ತೆ ಪಕ್ಕದ ಮನೆ

ನಾಲ್ಕು ನಿಮಿಷ ಸಿಕ್ಕಿತು. ಧ್ವನಿ ಇರಲಿಲ್ಲ. ಹೋಮಿಗೆ ಹೊರಡುವ ಹಿಂದಿನ ದಿನ ಅದನ್ನು ಎಲ್ಸಾಳ ಟಿವಿಗೆ ಹಾಕಿದೆವು. ಹೆಸ್ಸಿ ಕುರ್ಚಿಯನ್ನು ಪರದೆಗೆ ತೀರ ಹತ್ತಿರ ಎಳೆಸಿಕೊಂಡರು.

ಮೊದಲ ಮೂರು ನಿಮಿಷ ಯಾರೋ ಇಬ್ಬರು ಗಂಡಸರು ಬೇಲಿಯ ಬಳಿ ಜಗಳವಾಡಿದರು. ಬಣ್ಣ ಮಾಸಿ ಎಲ್ಲ ಕೆಂಪಡರಿತ್ತು. ಆಮೇಲೆ ಅಡುಗೆಮನೆ. ಬಾಗಿಲಿನಿಂದ ಹೊಟ್ಟೆಗೆ ದಿಂಬು ಕಟ್ಟಿದ ಯುವತಿ ಹೆಸ್ಸಿ ಖಾಲಿ ಬಟ್ಟಲು ಹಿಡಿದು ಬಂದರು. ಗಲ್ಲ ಮೇಲೆ, ರಾಣಿಯ ಎರಡು ಹೆಜ್ಜೆ, ಜೋಲಿ, ಮತ್ತೆ ರಾಣಿ. ಮೂಕ ಚಿತ್ರದಲ್ಲೂ ಲವೀನಾ ಗಟ್ಟಿಯಾಗಿ ನಕ್ಕಳು. ಎಲ್ಸಾ ಅಮ್ಮನನ್ನೂ ಪರದೆಯನ್ನೂ ಬದಲಿಸಿ ಬದಲಿಸಿ ನೋಡುತ್ತಿದ್ದಳು.

"ಹಿಂದೆ," ಎಂದರು ಹೆಸ್ಸಿ. "ಹಿಂದೆ ನೋಡಿ."

ಮತ್ತೆ ಹಾಕಿದೆವು. ಚೌಕಟ್ಟಿನ ಎಡ ಅಂಚಿನಲ್ಲಿ ಬಿಳಿ ಏಪ್ರನ್ ತೊಟ್ಟು ತಟ್ಟೆ ಹಿಡಿದ ಹೆಂಗಸಿನ ಭುಜ. ಹೆಸ್ಸಿ ಮುಂದೆ ಸರಿದಾಗ ಎರಡು ಕ್ಷಣ ಅವಳು ಪೂರ್ತಿ ಕಾಣಿಸಿದಳು. ಮೂವತ್ತರ ಆಸುಪಾಸು, ಅಗಲ ಹಣೆ. ತಟ್ಟೆಯ ಮೇಲಿನ ಬಟ್ಟಲು ಅಲುಗದ ಹಾಗೆ, ಹೆಸ್ಸಿಯ ಬೆನ್ನ ಹಿಂದೆ ಅದೇ ನಡಿಗೆಯನ್ನು ತೀರ ಸಣ್ಣದಾಗಿ ನಡೆದಳು. ಜೋಲಿ ಹೊಡೆದದ್ದು ಬರಿಯ ಕತ್ತು. ಮುಖದಲ್ಲಿ ಏನೂ ಇಲ್ಲ. ನೂರಾರು ಹಾಸ್ಯನಟಿಯರನ್ನು ನೋಡಿದವಳು ನಾನು. ಆ ಎರಡು ಕ್ಷಣ ಸಾಕಾಗಿತ್ತು. ಹೆಸ್ಸಿ ಒಳ್ಳೆಯ ನಟಿ, ಅವಳು ದೊಡ್ಡ ನಟಿ.

ಆರು ಸಲ ನೋಡಿದೆವು. ಹೆಸ್ಸಿ ಪರದೆಯ ಮೇಲೆ ಬೆರಳಿಟ್ಟರು. "ಅವಳದು ಎಡಗಾಲು. ನಾನಿಲ್ಲಿ ಬಲಗಾಲು ಇಟ್ಟಿದ್ದೇನೆ. ನೋಡಿ, ತಪ್ಪು."

"ಅವಳ ಪೂರ್ತಿ ಹೆಸರೇನು?" ಎಂದು ಕೇಳಿದೆ.

"ಸೋಫಿ."

"ಮನೆತನದ ಹೆಸರು?"

ಹೆಸ್ಸಿ ಪರದೆಯಿಂದ ಬೆರಳು ತೆಗೆದರು. "ಸೋಫಿ ಅನ್ನೋದು ಕೂಡ ಅವಳ ಹೆಸರಲ್ಲ. ನಮ್ಮ ನಾಲಿಗೆಗೆ ಸುಲಭ ಅಂತ ಯಾರೋ ಕರೆದದ್ದು. ನಿಜವಾದದ್ದನ್ನ ಒಮ್ಮೆ ಹೇಳಿದ್ದಳು. ನಾನು ಎರಡು ಸಲ ತಪ್ಪಾಗಿ ಹೇಳಿದೆ. 'ಇರಲಿ ಬಿಡಿ ಮೇಡಂ, ಸೋಫಿ ಅಂತಲೇ ಕರೀರಿ' ಅಂದಳು."

ಎಲ್ಸಾ ಟಿವಿ ಆರಿಸಿದಳು. ನನ್ನನ್ನು ಬಾಗಿಲ ತನಕ ಕಳಿಸಲು ಬಂದವಳು ದನಿ ತಗ್ಗಿಸಿ ಹೇಳಿದಳು. "ದಯವಿಟ್ಟು ಇದನ್ನ ಬರೀಬೇಡಿ. ಅಮ್ಮ ಯಾರಿಗೂ ಕೆಟ್ಟದ್ದು ಮಾಡಿದವರಲ್ಲ. ಈಗ ಓದಿದವರಿಗೆ ಅವರ ಇಡೀ ಜೀವನದಲ್ಲಿ ಇದೊಂದೇ ಉಳಿಯುತ್ತದೆ."

ಅವಳ ಸಂಕಟ ಸುಳ್ಳಾಗಿರಲಿಲ್ಲ. ಒಳಗಿನಿಂದ ಹೆಸ್ಸಿ ಕೂಗಿ ಹೇಳಿದರು. "ಕೇಳಿಸುತ್ತಿದೆ ಎಲ್ಸಾ. ಅವರು ಬರೀಲಿ. ನನ್ನ ಹೆಸರು ಹಾಕಿಯೇ ಬರೀಲಿ."

ಎಲ್ಸಾ ನನ್ನತ್ತ ನೋಡದೆ ಬಾಗಿಲು ಹಾಕಿಕೊಂಡಳು.

ಅವತ್ತು ಲವೀನಾಳ ಮನೆಯಲ್ಲಿ ಕೂತು ನನ್ನ ಟಿಪ್ಪಣಿ ಪುಸ್ತಕ ತಿರುವಿದೆ. ಇಂಗ್ಲಿಷಿನಲ್ಲಿ ಎಲ್ಲ ಹೆಂಗಸರಿಗೂ ಒಂದೇ 'ಶೀ'. ಹೆಸ್ಸಿ ಹೇಳಿದ್ದೂ ಹಾಗೆಯೇ. ಅದನ್ನು ಕನ್ನಡದಲ್ಲಿ ಬರೆದುಕೊಳ್ಳುವಾಗ ನಾನು ಹೆಸ್ಸಿಯನ್ನು ಪುಟಪುಟಕ್ಕೂ 'ಅವರು' ಎಂದಿದ್ದೆ, ಸೋಫಿಯನ್ನು 'ಅವಳು' ಎಂದಿದ್ದೆ. ಹಾಗೆ ಬರೆ ಎಂದು ನನಗೆ ಯಾರೂ ಹೇಳಿರಲಿಲ್ಲ. ಇಲ್ಲಿಯತನಕ ಈ ಬರಹದಲ್ಲೂ ಅದನ್ನು ತಿದ್ದದೆ ಹಾಗೇ ಬಿಟ್ಟಿದ್ದೇನೆ.

ಅಡುಗೆಮನೆಯಲ್ಲಿ ಲವೀನಾ ಊರಿಗೆ ಫೋನು ಮಾಡಿದ್ದಳು. ಮುಗಿಸಿ ಬಂದು ನನ್ನ ಎದುರು ಕೂತಳು.

"ನಾನು ಶಾಲೆಗೆ ಹೋಗುವಾಗ ನಮ್ಮ ಮನೆಗೆ ಬಟ್ಟೆ ಒಗೀಲಿಕ್ಕೆ ಒಬ್ರು ಬರ್ತಿದ್ರು ವಿಜಯಕ್ಕ. ಹತ್ತು ವರ್ಷ ಬಂದಿದ್ದಾರೆ. ಹೆಸರು ಎಂತ ಅಂತ ಈಗ ಅಮ್ಮನ ಹತ್ರ ಕೇಳಿದೆ. ಗುಲಾಬಿ ಅಂತೆ." ಕೈಯಲ್ಲಿದ್ದ ಫೋನನ್ನು ಮೇಜಿನ ಮೇಲಿಟ್ಟು, "ತೀರಿಹೋಗಿ ತುಂಬ ಸಮಯ ಆಯ್ತಂತೆ," ಎಂದಳು.

ಕರ್ಕ್‌ಲ್ಯಾಂಡ್

ಹೋಮು ಕರ್ಕ್‌ಲ್ಯಾಂಡಿನಲ್ಲಿತ್ತು. ಸರೋವರ ಕಾಣುತ್ತದೆ ಎಂದು ಹೇಳಿದ್ದರಂತೆ. ನಾವು ಹೋದ ದಿನ ಕಿಟಕಿಯಾಚೆ ಮಂಜು ಬಿಟ್ಟು ಬೇರೇನೂ ಕಾಣಲಿಲ್ಲ. ಹಜಾರದಲ್ಲಿ ಮುದುಕರು ಸಾಲಾಗಿ ಕೂತು ದೊಡ್ಡ ಟಿವಿಯಲ್ಲಿ ಅಡುಗೆ ಕಾರ್ಯಕ್ರಮ ನೋಡುತ್ತಿದ್ದರು. ಯಾರೂ ಯಾರನ್ನೂ ಎಲ್ಲಿಯವರೆಂದು ವಿಚಾರಿಸುವುದಿಲ್ಲ. ನಮ್ಮ ಊರಿನ ಆಸ್ಪತ್ರೆ ವಾರ್ಡಿನಲ್ಲಾದರೆ ಇಷ್ಟು ಹೊತ್ತಿಗೆ ಹೆಸ್ಸಿಯ ಜಾತಕವೇ ಹೊರಬರುತ್ತಿತ್ತು.

ಸೇರಿಸಿಕೊಳ್ಳುವ ಹುಡುಗಿ ನಗುಮುಖದವಳು. ಕಂಪ್ಯೂಟರಿನಲ್ಲಿ ಒಂದೊಂದೇ ಪ್ರಶ್ನೆ ಓದಿದಳು. ಔಷಧಿ, ಅಲರ್ಜಿ, ಇಷ್ಟದ ಊಟ. ಆಮೇಲೆ, "ಮೊದಲು ಏನು ಕೆಲಸ ಮಾಡುತ್ತಿದ್ದಿರಿ?"

"ನಟಿ," ಎಂದಳು ಎಲ್ಸಾ.

ಹುಡುಗಿಯ ಕಣ್ಣರಳಿತು. "ಹೌದಾ? ಎಂಥ ಪಾತ್ರಗಳು?"

"ಪರದೆ ಬಟ್ಟೆ ಮಾರುತ್ತಿದ್ದೆ," ಎಂದರು ಹೆಸ್ಸಿ. "ಅದನ್ನೇ ಬರೆದುಕೊಳ್ಳಿ."

ಹುಡುಗಿ ಎಲ್ಸಾಳ ಮುಖ ನೋಡಿದಳು. ಪರದೆ ಬಟ್ಟೆ ಎಂದೇ ದಾಖಲಾಯಿತು.

ಹೊರಡುವಾಗ ಹೆಸ್ಸಿ ನನ್ನ ಕೈ ಹಿಡಿದುಕೊಂಡರು. ಆ ಚಿತ್ರದ ಹಳೆಯ ಕಾಗದಪತ್ರ ಎಲ್ಲಾದರೂ ಉಳಿದಿದ್ದರೆ ಅದರಲ್ಲಿ ಸೋಫಿಯವರ ಹೆಸರು ಇರಲೇಬೇಕೆಂದು ಅವರಿಗೆ ನಂಬಿಕೆ. "ನೀವು ಪತ್ರಿಕೆಯವರು. ಹುಡುಕೋದು ನಿಮಗೆ ಗೊತ್ತು," ಎಂದರು. ಪ್ರಯತ್ನ ಮಾಡುತ್ತೇನೆಂದೆ. ಸೋಫಿಯವರು ಬದುಕಿರುವ ಸಾಧ್ಯತೆ ಕಡಿಮೆ ಎಂದು ಇಬ್ಬರಿಗೂ ಗೊತ್ತಿತ್ತು. ಅವರ ಮಕ್ಕಳೋ ಮೊಮ್ಮಕ್ಕಳೋ ಸಿಕ್ಕರೆ ಆ ಎರಡು ಕ್ಷಣವನ್ನು ಕಳಿಸಿಕೊಡಬಹುದಿತ್ತು. ಹೆಸ್ಸಿಯ ಆಸೆ ಅಷ್ಟೇ ಆಗಿತ್ತು.

ಬೆಂಗಳೂರು

ಊರಿಗೆ ಬಂದ ಮೇಲೆ ದಕ್ಷಿಣ ಆಫ್ರಿಕಾದಲ್ಲಿ ಹಳೆಯ ಸಿನಿಮಾ ಕಾಗದಗಳನ್ನು ಕಾಪಾಡುವವರಿಗೆ ಪತ್ರ ಬರೆದೆ. ಒಂದಕ್ಕೆ ಉತ್ತರ ಬರಲಿಲ್ಲ. ಎರಡನೆಯದು ತಪ್ಪು ವಿಳಾಸ. ಮೂರನೆಯದಕ್ಕೆ ತಿಂಗಳುಗಳ ನಂತರ ಒಬ್ಬ ಮಹಿಳೆ ಉತ್ತರಿಸಿದರು. ಆ ಕಂಪನಿಯ ಕೆಲವು ದಿನಗಳ ಚಿತ್ರೀಕರಣದ ಪಟ್ಟಿಗಳು ಸಿಕ್ಕಿವೆ, ಅಡುಗೆಮನೆಯ ದೃಶ್ಯದ ದಿನದ ಹಾಳೆಯೂ ಇದೆ ಎಂದು ಅದರ ಫೋಟೋ ಕಳಿಸಿದ್ದರು. ಭಾಷೆ ನನಗೆ ಬಾರದು. ಎಲ್ಸಾಗೆ ಕಳಿಸಿದೆ.

ಎರಡು ದಿನ ಬಿಟ್ಟು ಎಲ್ಸಾ ಫೋನು ಮಾಡಿದಳು. ನನ್ನ ಮೇಲಿನ ಮುನಿಸು ದನಿಯಲ್ಲಿ ಇರಲಿಲ್ಲ. ಹಾಳೆಯನ್ನು ಅಮ್ಮನ ಕೋಣೆಯಲ್ಲಿ ಕೂತು ಓದಿ ಹೇಳಿದೆ ಎಂದಳು. ನಟರ ಹೆಸರುಗಳಿದ್ದವು, ಹೆಸ್ಸಿಯದು ಐದನೆಯದು. ಲೈಟಿನವರ ಹೆಸರುಗಳಿದ್ದವು. ಕೆಳಗೆ ಒಂದು ಸಾಲಿನಲ್ಲಿ 'ಕೆಲಸದವಳು: ಒಬ್ಬಳು' ಎಂದಿತ್ತು. ಅದರ ಕೆಳಗಿನ ಸಾಲು ಹೊಲಮನೆಯ ನಾಯಿಯದು. ಅದಕ್ಕೆ ಹೆಸರಿತ್ತು.

"'ಒಬ್ಬಳು' ಅಂತ ಓದಿದಾಗ ಅಮ್ಮ ಕಣ್ಣು ಮುಚ್ಚಿಕೊಂಡಿದ್ದರು," ಎಂದಳು ಎಲ್ಸಾ. "ಮುಂದಿನ ಸಾಲಿಗೆ ಬಂದು, ನಾಯಿ ಅಂತ ನಾನು ಅಂದದ್ದೇ ತಡ, ಅದರ ಹೆಸರು ನಾನು ಓದೋ ಮೊದಲೇ ಅವರೇ ಹೇಳಿದರು. ಬ್ಲಿಟ್ಸ್ ಅಂತ. ಐವತ್ತು ವರ್ಷದ ಮೇಲೂ ತಟ್ಟನೆ ಬಂತು."

"ಆಮೇಲೆ?"

"ಆಮೇಲೆ ಗೋಡೆ ಕಡೆ ತಿರುಗಿ ಮಲಗಿದರು. ಊಟಕ್ಕೆ ಕರೆದರೆ ಏಳಲಿಲ್ಲ."